ಮಂಗಳೂರನ್ನು 40 ಮೈಲಿ ಸರಿಸಿದ ಮಾಂತ್ರಿಕ

ಮಳೆ ಪೂರ್ತಿ ಬಿಟ್ಟ ಮೇಲೆ ನವೆಂಬರಿನಲ್ಲಿ ಒಂದೆರಡು ವಾರ ಮಂಗಳೂರಿನಿಂದ ಘಟ್ಟ ಚೆನ್ನಾಗಿ ಕಾಣುತ್ತದೆ. ಎಲ್ಲರಿಗೂ ಅಲ್ಲ, ಏಳೆಂಟನೇ ಮಹಡಿಯಲ್ಲಿ ಕೂತು ಕೋಡ್ ಕುಟ್ಟುವ ನಮ್ಮಂಥವರಿಗೆ :-) ಬೆಳಿಗ್ಗೆ ಎಂಟು ಗಂಟೆಗೆ ಕಿಟಕಿಯ ಹತ್ತಿರ ನಿಂತರೆ ತೆಂಗಿನ ತೋಟಗಳ ಆಚೆ, ಹಂಚಿನ ಮಾಡುಗಳ ಆಚೆ, ನೀಲಿ ಗೆರೆ ಎಳೆದ ಹಾಗೆ ಕುದುರೆಮುಖದ ಸಾಲು. ಒಂಬತ್ತೂವರೆಗೆ ಮಬ್ಬು ಬಂದು ಮಾಯ.

ಕಳೆದ ವರ್ಷ ಹೀಗೇ ನಿಂತಿದ್ದಾಗ ಪಕ್ಕದ ಸೀಟಿನ ಗೆಳೆಯ ಕೇಳಿದ: "ಅಲ್ಲಿಂದ ನಾವು ಕಾಣ್ತೇವಾ ಮಾರಾಯ?" ನಾನು ತಮಾಷೆಗೆ ಲೆಕ್ಕ ಹಾಕಲು ಕೂತೆ. ನೇರ ದೂರ ಸುಮಾರು 55 ಕಿ.ಮೀ. ಅಷ್ಟು ದೂರಕ್ಕೆ ಭೂಮಿ ಎಷ್ಟು ಬಾಗುತ್ತದೆ ಎಂದರೆ, ಕಡಲ ತೀರದಲ್ಲಿ ನಿಂತವನಿಗೆ ಬೆಟ್ಟದ ಕೆಳಗಿನ ಸುಮಾರು 235 ಮೀಟರ್ ಭೂಮಿಯ ಉಬ್ಬಿನ ಹಿಂದೆ ಅಡಗಿಬಿಡುತ್ತದೆ. ಬೆಳಕೂ ಸ್ವಲ್ಪ ಬಾಗುವುದರಿಂದ ಅದಕ್ಕಿಂತ ಕೊಂಚ ಕಡಿಮೆ. ಕುದುರೆಮುಖದ ಎತ್ತರ 1,890 ಮೀಟರಿಗೂ ಮೇಲೆ, ಹಾಗಾಗಿ ನಮಗೇನೂ ತೊಂದರೆ ಇಲ್ಲ. ಅವನು "ಸರಿ, ಟೀ ಕುಡಿ" ಅಂತ ಹೋದ. ನನಗೆ ಮಾತ್ರ ತಲೆಯಲ್ಲಿ ಹುಳ ಹೊಕ್ಕಿತು. ಘಟ್ಟದ ಮೇಲಿಂದ ಕರಾವಳಿಯನ್ನು ನೋಡಿ, ಇದೇ ಲೆಕ್ಕವನ್ನು ತಮಾಷೆಗಲ್ಲದೆ ಹಾಕಿದವನೊಬ್ಬ 200 ವರ್ಷಗಳ ಹಿಂದೆ ಇದ್ದ. ಅವನ ಹೆಸರು ವಿಲಿಯಂ ಲ್ಯಾಂಬ್ಟನ್.

ಎವರೆಸ್ಟ್ ಎಂಬ ಹೆಸರು ಎಲ್ಲರಿಗೂ ಗೊತ್ತು. ಆ ಜಾರ್ಜ್ ಎವರೆಸ್ಟ್ ಈ ಲ್ಯಾಂಬ್ಟನ್ನನ ಅಸಿಸ್ಟೆಂಟಾಗಿ ಸೇರಿದವನು. ಗುರುವಿನ ಹೆಸರಿನ ಶಿಖರ ಯಾವುದೂ ಇಲ್ಲ.

ಲ್ಯಾಂಬ್ಟನ್ ಹುಟ್ಟಿದ್ದು ಇಂಗ್ಲೆಂಡಿನ ಯಾರ್ಕ್‌ಶೈರಿನಲ್ಲಿ, 1750ರ ದಶಕದಲ್ಲಿ. ದೊಡ್ಡ ಮನೆತನವೇನಲ್ಲ. 33ನೇ ಕಾಲ್ದಳದಲ್ಲಿ ಸೈನಿಕನಾಗಿ ಅಮೆರಿಕದ ಸ್ವಾತಂತ್ರ್ಯ ಯುದ್ಧಕ್ಕೆ ಹೋದ, 1781ರಲ್ಲಿ ಯಾರ್ಕ್‌ಟೌನಿನಲ್ಲಿ ಸೆರೆಸಿಕ್ಕ, ಬಿಡುಗಡೆಯಾದ ಮೇಲೆ ಕೆನಡಾದ ನ್ಯೂ ಬ್ರನ್ಸ್‌ವಿಕ್‌ನಲ್ಲಿ ಬ್ಯಾರಕ್ಕು ನೋಡಿಕೊಳ್ಳುವ ಕೆಲಸ ಹಿಡಿದು ವರ್ಷಗಟ್ಟಲೆ ಅಲ್ಲೇ ಉಳಿದ. ಮಾಡಲು ಜಾಸ್ತಿ ಕೆಲಸವಿಲ್ಲದ ಆ ವರ್ಷಗಳಲ್ಲಿ ಅವನು ಓದಿದ್ದು ಗಣಿತ ಮತ್ತು ಖಗೋಳ. ಸೂರ್ಯಗ್ರಹಣ ನೋಡಲು ಹೋಗಿ ಒಂದು ಕಣ್ಣಿನ ದೃಷ್ಟಿ ಹಾಳುಮಾಡಿಕೊಂಡ. ಮುಂದೆ ಜೀವನವಿಡೀ ಮೈಲುಗಟ್ಟಲೆ ದೂರದ ಬಾವುಟವನ್ನು ನೋಡುತ್ತಾ ಕಳೆದ ಮನುಷ್ಯನಿಗೆ ಸರಿಯಾಗಿ ಇದ್ದದ್ದು ಒಂದೇ ಕಣ್ಣು!

ಭಾರತಕ್ಕೆ ಬಂದಾಗ ಅವನ ವಯಸ್ಸು ನಲವತ್ತು ದಾಟಿತ್ತು. ಅವನ ರೆಜಿಮೆಂಟಿನ ಮುಖ್ಯಸ್ಥ ಆರ್ಥರ್ ವೆಲ್ಲೆಸ್ಲಿ, ಮುಂದೆ ನೆಪೋಲಿಯನ್ನನನ್ನು ವಾಟರ್ಲೂನಲ್ಲಿ ಸೋಲಿಸಿದವನು. 1799ರ ಏಪ್ರಿಲಿನಲ್ಲಿ ಕಂಪನಿಯ ಸೈನ್ಯ ಶ್ರೀರಂಗಪಟ್ಟಣದ ಹತ್ತಿರ ಬೀಡುಬಿಟ್ಟಿತ್ತು. ಒಂದು ರಾತ್ರಿ ಜನರಲ್ ಬೇರ್ಡ್ ತನ್ನ ತುಕಡಿ ಕಟ್ಟಿಕೊಂಡು ತೋಪೊಂದನ್ನು ಶೋಧಿಸಲು ಹೋಗಿ ವಾಪಸು ಹೊರಟ. ಕಗ್ಗತ್ತಲು. ಲ್ಯಾಂಬ್ಟನ್ ಆಕಾಶ ನೋಡಿದವನೇ ಹೇಳಿದ: ನಾವು ದಕ್ಷಿಣಕ್ಕೆ ಹೋಗಬೇಕಾದವರು ಉತ್ತರಕ್ಕೆ ಹೋಗುತ್ತಿದ್ದೇವೆ, ಹೀಗೇ ಹೋದರೆ ಟಿಪ್ಪುವಿನ ಪಾಳೆಯದೊಳಗೇ ಕಾಲಿಡುತ್ತೇವೆ. ನಕ್ಷತ್ರಗಳನ್ನು ಕೇಳದೆಯೂ ದಾರಿ ಹುಡುಕಲು ನನಗೆ ಬರುತ್ತದೆ ಅಂತ ಬೇರ್ಡ್ ಗದರಿದ. ಸ್ವಲ್ಪ ಮುಂದೆ ಹೋಗುವಾಗ ಟಿಪ್ಪುವಿನ ಕಾವಲು ಪಡೆಯೇ ಎದುರಾಯಿತು. ಆಮೇಲೆ ದೀಪ ಹಚ್ಚಿ ದಿಕ್ಸೂಚಿ ನೋಡಿದರೆ ನಕ್ಷತ್ರಗಳು ಹೇಳಿದ್ದೇ ಸರಿ.

ಈ ಬೇರ್ಡ್ ಹಿಂದೆ ಶ್ರೀರಂಗಪಟ್ಟಣದ ಸೆರೆಮನೆಯಲ್ಲಿ ವರ್ಷಗಟ್ಟಲೆ ಇದ್ದವನು, ಮೇ 4ರಂದು ಕೋಟೆಗೆ ಲಗ್ಗೆ ಹಾಕಿದವನೂ ಅವನೇ. ಅವತ್ತು ಆಕಾಶ ಓದಬಲ್ಲ ಈ ಒಕ್ಕಣ್ಣ ಜೊತೆಗಿರದಿದ್ದರೆ ಕಥೆ ಬೇರೆಯಾಗುತ್ತಿತ್ತೋ ಏನೋ. ಮಂತ್ರವಾದಿಗಳ ಕಥೆಗಳಲ್ಲಿ ಬರುವುದೂ ಇಂಥದ್ದೇ ಪಾತ್ರ ತಾನೇ, ರಾಜನ ಪಕ್ಕ ನಿಂತು ಆಕಾಶ ನೋಡಿ ಭವಿಷ್ಯ ಹೇಳುವವನು.

ಮಂತ್ರವಾದಿ ಅಂದಾಗ ಸ್ವಲ್ಪ ದಾರಿ ಬಿಟ್ಟು ಒಂದು ಕಥೆ ಹೇಳಲೇಬೇಕು. ಲ್ಯಾಂಬ್ಟನ್ನನ ಪೆಟ್ಟಿಗೆಯಲ್ಲಿ ಇದ್ದ ನಿಜವಾದ ಮಂತ್ರದ ಪುಸ್ತಕ ಎಂದರೆ ಲಾಗರಿತಮ್ ಟೇಬಲ್. ಪಿಯುಸಿಯಲ್ಲಿ ನಾವು ಉಜ್ಜಿದ ಅದೇ ಲಾಗ್ ಟೇಬಲ್. ಅದನ್ನು 1614ರಲ್ಲಿ ಲೋಕಕ್ಕೆ ಕೊಟ್ಟ ಸ್ಕಾಟ್ಲೆಂಡಿನ ಜಾನ್ ನೇಪಿಯರನನ್ನು ಅವನ ಊರಿನವರು ಮಾಟಗಾರ ಎಂದೇ ನಂಬಿದ್ದರು. ಅವನ ಹತ್ತಿರ ಕಪ್ಪು ಹುಂಜವೊಂದು ಇತ್ತಂತೆ. ಮನೆಯಲ್ಲಿ ಕಳ್ಳತನವಾದಾಗ ಆಳುಗಳನ್ನು ಒಬ್ಬೊಬ್ಬರಾಗಿ ಕತ್ತಲೆ ಕೋಣೆಗೆ ಕಳಿಸಿ, ಹುಂಜವನ್ನು ಸವರಿ ಬನ್ನಿ, ಕಳ್ಳ ಮುಟ್ಟಿದರೆ ಅದು ಕೂಗುತ್ತದೆ ಅಂದನಂತೆ. ಹುಂಜ ಕೂಗಲಿಲ್ಲ. ಆದರೆ ಅದರ ಮೈಗೆ ಮಸಿ ಬಳಿದಿತ್ತು. ಕೈಗೆ ಮಸಿ ಹತ್ತದವನೇ ಕಳ್ಳ! ನಮ್ಮಲ್ಲಿ ದೈವದ ಎದುರು ಪ್ರಮಾಣ ಮಾಡಲು ಹಿಂಜರಿದವನ ಮೇಲೆ ಊರೇ ಕಣ್ಣಿಡುವುದಿಲ್ಲವೇ, ಹಾಗೆ.

ಈ ನೇಪಿಯರನಿಗೂ ಕರ್ನಾಟಕಕ್ಕೂ ಇನ್ನೊಂದು ಕೊಂಡಿ ಇದೆ. ನೇಪಿಯರನ ವಂಶದವರು ಅವನ ಜೀವನಚರಿತ್ರೆ ಬರೆಯಲು ಹೊರಟು, ಲಾಗರಿತಮ್ಮಿನ ಮೂಲ ಹಿಂದೂ ಗಣಿತದಲ್ಲಿ ಇದೆಯೇ ಎಂಬ ಕುತೂಹಲಕ್ಕೆ ಸ್ಕಾಟ್ಲೆಂಡಿನ ಹುಡುಗನೊಬ್ಬನ ನೆರವು ಪಡೆದರು. ಅವನು 1783ರಲ್ಲಿ ಭಾರತಕ್ಕೆ ಬಂದ ಕಾಲಿನ್ ಮೆಕೆಂಜಿ. ಟಿಪ್ಪುವಿನ ಪತನದ ನಂತರ ಮೈಸೂರು ಸರ್ವೆ ಮಾಡಿ, ಕಾವಲಿ ವೆಂಕಟ ಬೋರಯ್ಯ ಮತ್ತು ಅವನ ತಮ್ಮಂದಿರ ನೆರವಿನಿಂದ ಊರೂರಿನ ಕೈಫಿಯತ್ತು, ಶಾಸನ, ಓಲೆಗರಿ ಸಂಗ್ರಹಿಸಿದ ಮೆಕೆಂಜಿ ಇವನೇ. 1815ರಲ್ಲಿ ಭಾರತದ ಮೊದಲ ಸರ್ವೇಯರ್ ಜನರಲ್ ಆದ. ಅವನ ಕಥೆಯೇ ಬೇರೆ ದೊಡ್ಡದಿದೆ, ಇನ್ನೊಮ್ಮೆ ನೋಡೋಣ.

ಲ್ಯಾಂಬ್ಟನ್ನನಿಗೆ ಬೇಕಾಗಿದ್ದದ್ದು ಊರುಗಳ ನಕ್ಷೆಯಲ್ಲ. ಭೂಮಿ ಎಷ್ಟು ಗುಂಡಗಿದೆ, ಧ್ರುವಗಳಲ್ಲಿ ಎಷ್ಟು ಚಪ್ಪಟೆಯಾಗಿದೆ ಎಂದು ಅಳೆಯುವ ಹುಚ್ಚು ಅವನದು. ಅದನ್ನು ನೇರವಾಗಿ ಹೇಳಿದರೆ ವ್ಯಾಪಾರಿ ಕಂಪನಿ ಕಾಸು ಬಿಚ್ಚುತ್ತದೆಯೇ? ಹಾಗಾಗಿ ಕೋರಮಂಡಲದಿಂದ ಮಲಬಾರ್ ಕರಾವಳಿಯವರೆಗೆ ಇಡೀ ಪರ್ಯಾಯ ದ್ವೀಪಕ್ಕೆ ಅಡ್ಡಲಾಗಿ ತ್ರಿಕೋನಗಳ ಸರಪಳಿ ಹಾಕುತ್ತೇನೆ, ನಕ್ಷೆಗಳೆಲ್ಲ ಅದರ ಮೇಲೆ ಗಟ್ಟಿಯಾಗಿ ಕೂರುತ್ತವೆ ಎಂದು ಪ್ರಸ್ತಾಪ ಬರೆದ. (ನಮ್ಮ ಪ್ರಾಜೆಕ್ಟ್ ಪ್ರಪೋಸಲ್‌ಗಳೂ ಹೀಗೇ ಅಲ್ಲವೇ, ನಮಗೆ ಮಾಡಬೇಕಾದದ್ದು ಒಂದು, ಮ್ಯಾನೇಜರಿಗೆ ತೋರಿಸುವುದು ಇನ್ನೊಂದು.) ವೆಲ್ಲೆಸ್ಲಿ ಬೆಂಬಲಿಸಿದ, ಒಪ್ಪಿಗೆ ಸಿಕ್ಕಿತು. ಆದರೂ ಮದ್ರಾಸಿನ ಹಣಕಾಸು ಸಮಿತಿಯ ಸದಸ್ಯನೊಬ್ಬ ತಕರಾರು ತೆಗೆದನಂತೆ: ಯಾರಿಗಾದರೂ ಶ್ರೀರಂಗಪಟ್ಟಣಕ್ಕೆ ಹೋಗಬೇಕಿದ್ದರೆ ಪಲ್ಲಕ್ಕಿ ಹೊರುವ ಬೋಯಿಗಳ ಮುಖ್ಯಸ್ಥನಿಗೆ ಹೇಳಿದರೆ ಸಾಕು, ಅವನು ಕರೆದುಕೊಂಡು ಹೋಗುತ್ತಾನೆ, ಇವನ ನಕ್ಷೆ ಯಾಕೆ? ನನಗೆ ಈ ಮಾತು ಓದಿದಾಗ ಮೊದಲು ನಗು ಬಂತು. ಆಮೇಲೆ ಯೋಚಿಸಿದರೆ ಅವನು ಹೇಳಿದ್ದು ಸುಳ್ಳೇನೂ ಅಲ್ಲ. ಬೋಯಿಗೆ ದಾರಿ ಗೊತ್ತಿತ್ತು. ಗೊತ್ತಿಲ್ಲದೆ ಇದ್ದದ್ದು ಕಂಪನಿಗೆ.

ಸಲಕರಣೆಗಳ ಕಥೆ ಇನ್ನೂ ಮಜಾ ಇದೆ. ಅಳತೆಗೆ ಬಳಸಿದ 100 ಅಡಿಯ ಉಕ್ಕಿನ ಸರಪಳಿ ಮೊದಲು ಹೋದದ್ದು ಚೀನಾಕ್ಕೆ, 1793ರಲ್ಲಿ ಬ್ರಿಟಿಷ್ ರಾಯಭಾರಿ ಮೆಕಾರ್ಟ್ನಿಯ ಜೊತೆ, ಚಕ್ರವರ್ತಿಗೆ ಉಡುಗೊರೆಯಾಗಿ. ಚಕ್ರವರ್ತಿಗೆ ಅದು ಬೇಡವಾಯಿತು. ಆ ತಂಡದಲ್ಲಿದ್ದ ಡಿನ್‌ವಿಡ್ಡಿ ಎಂಬವನ ಮೂಲಕ ಕಲ್ಕತ್ತೆಗೆ ಬಂದು, ಕೊನೆಗೆ ಲ್ಯಾಂಬ್ಟನ್ನನ ಕೈ ಸೇರಿತು. ಕೋನ ಅಳೆಯುವ ದೊಡ್ಡ ಥಿಯೋಡೊಲೈಟನ್ನು ಲಂಡನ್ನಿನಲ್ಲಿ ಮಾಡಿಸಿದ್ದು. ಅದರ ಅಡ್ಡ ಚಕ್ರದ ವ್ಯಾಸ 3 ಅಡಿ, ಒಟ್ಟು ತೂಕ ಅರ್ಧ ಟನ್. ಬರುವ ದಾರಿಯಲ್ಲಿ ಫ್ರೆಂಚರು ಹಡಗನ್ನೇ ಹಿಡಿದು ಮಾರಿಷಸ್‌ಗೆ ಒಯ್ದರು. ಪೆಟ್ಟಿಗೆ ಬಿಚ್ಚಿ ನೋಡಿ, ಇದು ವಿಜ್ಞಾನದ ಸಾಮಾನು ಎಂದು ಗೊತ್ತಾದ ಮೇಲೆ ಅಲ್ಲಿನ ಗವರ್ನರ್ ಶುಭಾಶಯ ಸಹಿತ ಮದ್ರಾಸಿಗೆ ಕಳಿಸಿಕೊಟ್ಟ. ಶತ್ರುಗಳಲ್ಲೂ ಆಗ ಅಷ್ಟು ಮರ್ಯಾದೆ ಇತ್ತು ನೋಡಿ.

1800ರ ಕೊನೆಗೆ ಬೆಂಗಳೂರಿನಲ್ಲಿ ಮೊದಲ ಆಧಾರರೇಖೆ ಅಳೆದ, ಏಳು ಮೈಲಿಗೂ ಜಾಸ್ತಿ. ಆಮೇಲೆ 1802ರ ಏಪ್ರಿಲ್ 10ರಂದು ಮದ್ರಾಸಿನ ಪರಂಗಿಮಲೆಯ ಬಳಿ ಶುರುವಾದದ್ದು ಅಧಿಕೃತ ರೇಖೆ, ಏಳೂವರೆ ಮೈಲಿ. ಸರಪಳಿಯನ್ನು ಸುಮಾರು 400 ಸಲ ಹಾಸಿ ಎತ್ತಿ ಹಾಸಿ ಎತ್ತಿ... ಸುಮ್ಮನೆ ನೆಲದ ಮೇಲೆ ಹಾಸುವುದಲ್ಲ. ಮರದ ಪೆಟ್ಟಿಗೆಗಳೊಳಗೆ ಇಟ್ಟು, ಮುಕ್ಕಾಲಿಗಳ ಮೇಲೆ ಮಟ್ಟ ಮಾಡಿ, ಪಕ್ಕದಲ್ಲಿ ಥರ್ಮಾಮೀಟರ್. ಯಾಕೆಂದರೆ ಬಿಸಿಲಿಗೆ ಉಕ್ಕು ಹಿಗ್ಗುತ್ತದೆ. 100 ಅಡಿ ಸರಪಳಿ ಒಂದು ಡಿಗ್ರಿ ಫ್ಯಾರನ್‌ಹೀಟಿಗೆ ಇಂಚಿನ ನೂರನೇ ಒಂದು ಭಾಗದಷ್ಟೂ ಹಿಗ್ಗುವುದಿಲ್ಲ. ಇಷ್ಟಕ್ಕೆ ಯಾಕೆ ತಲೆಬಿಸಿ ಅನ್ನಬೇಡಿ. ಬೆಳಿಗ್ಗೆಗೂ ಮಧ್ಯಾಹ್ನಕ್ಕೂ 20 ಡಿಗ್ರಿ ವ್ಯತ್ಯಾಸ, ಅದನ್ನು 400ರಿಂದ ಗುಣಿಸಿದರೆ ಏಳೂವರೆ ಮೈಲಿಗೆ ಹತ್ತಿರ ಹತ್ತಿರ 5 ಅಡಿ ತಪ್ಪು. ಮುಂದಿನ ತ್ರಿಕೋನಗಳೆಲ್ಲ ಈ ಒಂದು ರೇಖೆಯನ್ನೇ ನಂಬಿ ನಿಂತಿರುವುದರಿಂದ ಆ ತಪ್ಪು ಬೆಳೆಯುತ್ತಾ ಹೋಗುತ್ತದೆ. ಮೊದಲ ಫಂಕ್ಷನ್ನಿನಲ್ಲಿ ಬಿಟ್ಟ ಬಗ್ಗು ಎಲ್ಲಿಗೆ ತಲುಪುತ್ತದೆ ಅಂತ ನಮಗಿಂತ ಚೆನ್ನಾಗಿ ಯಾರಿಗೆ ಗೊತ್ತು!

ಒಂದು ಬದಿ ಗೊತ್ತಿದ್ದರೆ, ಎರಡು ಕೋನ ಅಳೆದರೆ, ಉಳಿದೆರಡು ಬದಿ ಲೆಕ್ಕದಲ್ಲೇ ಸಿಗುತ್ತವೆ. ಆ ಬದಿಯ ಮೇಲೆ ಮತ್ತೊಂದು ತ್ರಿಕೋನ. ಇಷ್ಟೇ ವಿದ್ಯೆ. ಆದರೆ ಭೂಮಿ ಗುಂಡಗಿದೆಯಲ್ಲ, ದೊಡ್ಡ ತ್ರಿಕೋನದ ಮೂರು ಕೋನ ಕೂಡಿದರೆ ಶಾಲೆಯಲ್ಲಿ ಕಲಿತ 180 ಡಿಗ್ರಿ ಬರುವುದಿಲ್ಲ, ಸ್ವಲ್ಪ ಜಾಸ್ತಿ ಬರುತ್ತದೆ. ಸುಮಾರು 76 ಚದರ ಮೈಲಿಗೆ ಒಂದು ಸೆಕೆಂಡ್, ಅಂದರೆ ಡಿಗ್ರಿಯ 3,600ನೇ ಒಂದು ಭಾಗ. ಅದನ್ನೂ ಕಳೆದು ಲೆಕ್ಕ ಮಾಡಬೇಕು. 1804ರಲ್ಲಿ ಸರಪಳಿ ಬೆಂಗಳೂರು ತಲುಪಿದಾಗ ಅವನ ಸಹಾಯಕ ವಾರನ್ ಅಲ್ಲಿ ಇನ್ನೊಂದು ರೇಖೆಯನ್ನು ನೆಲದ ಮೇಲೆ ಅಳೆದು ನೋಡಿದ. ಮದ್ರಾಸಿನಿಂದ ತ್ರಿಕೋನದ ಮೇಲೆ ತ್ರಿಕೋನ ಕಟ್ಟಿಕೊಂಡು ಬಂದ ಲೆಕ್ಕಕ್ಕೂ ನೆಲದ ಅಳತೆಗೂ ಏಳು ಮೈಲಿಯಲ್ಲಿ ವ್ಯತ್ಯಾಸ 3.7 ಇಂಚು. ನಾನು ಇದನ್ನು ಎರಡು ಸಲ ಓದಿದೆ. ಕ್ಯಾಲ್ಕುಲೇಟರ್ ಇಲ್ಲದ ಕಾಲ ಸ್ವಾಮಿ! (ಈ ವಾರನ್ನೇ 1802ರಲ್ಲಿ ಕೋಲಾರದ ಕಡೆಯ ಚಿನ್ನದ ಬಗ್ಗೆ ವರದಿ ಮಾಡಿದವನು. ಕೆಜಿಎಫ್‌ನ ಕಥೆಗೂ ಹೀಗೆ ಸರ್ವೆಯವರ ನಂಟು.)

ಇನ್ನು ನಮ್ಮ ಊರಿಗೆ ಬರೋಣ. ಬೆಂಗಳೂರಿನಿಂದ ಪಶ್ಚಿಮಕ್ಕೆ ಬೆಟ್ಟದಿಂದ ಬೆಟ್ಟಕ್ಕೆ ಹಾರುತ್ತಾ ತ್ರಿಕೋನಗಳು ಘಟ್ಟದ ಅಂಚಿಗೆ ಬಂದವು. ಅಲ್ಲಿನ ಒಂದು ಮುಖ್ಯ ನಿಲ್ದಾಣ ಬಲ್ಲಾಳರಾಯನ ದುರ್ಗ. ಬಂಡಾಜೆ ಅಬ್ಬಿಗೆ ಚಾರಣ ಹೋದವರಿಗೆ ಗೊತ್ತಿರುತ್ತದೆ, ಹುಲ್ಲುಗಾವಲು ಮುಗಿದಲ್ಲಿ ಒಮ್ಮೆಲೇ ಪ್ರಪಾತ, ಕೆಳಗೆ ಇಡೀ ಬೆಳ್ತಂಗಡಿ ಕಡೆಯ ಕಾಡು. ಬ್ಯಾಗಿನಲ್ಲಿ ಎರಡು ಲೀಟರ್ ನೀರು ಹೊತ್ತು ಹತ್ತುವಾಗ ನನಗೆ ಏದುಸಿರು ಬಂದಿತ್ತು. ಅಂಥ ಜಾಗಗಳಿಗೆ ಅರ್ಧ ಟನ್ನಿನ ಯಂತ್ರ ಹೊತ್ತವರನ್ನು ನೆನಪಿಸಿಕೊಳ್ಳಿ.

ಮದ್ರಾಸಿನಿಂದ ಮಂಗಳೂರಿನವರೆಗಿನ ಈ ಅಳತೆಯ ವರದಿಯನ್ನು ಲ್ಯಾಂಬ್ಟನ್ 'ಏಷಿಯಾಟಿಕ್ ರಿಸರ್ಚಸ್'ನ ಹತ್ತನೇ ಸಂಪುಟದಲ್ಲಿ ಪ್ರಕಟಿಸಿದ. ಅದರ ಶೀರ್ಷಿಕೆಯಲ್ಲೇ ಮಂಗಳೂರಿನ ಹೆಸರಿದೆ. ಲೆಕ್ಕ ಮುಗಿದಾಗ ಬಂದ ಫಲಿತಾಂಶ: ಈ ಅಕ್ಷಾಂಶದಲ್ಲಿ ಪರ್ಯಾಯ ದ್ವೀಪದ ಅಗಲ 360 ಮೈಲಿ. ಅಲ್ಲಿಯವರೆಗೆ ಒಳ್ಳೆಯ ನಕ್ಷೆಗಳಲ್ಲೂ ಇದ್ದದ್ದು 400 ಮೈಲಿ! ಅಂದರೆ ಮದ್ರಾಸು ಇದ್ದಲ್ಲೇ ಇದೆ ಎಂದುಕೊಂಡರೆ ಹಳೆಯ ನಕ್ಷೆಯ ಮಂಗಳೂರು ಅರಬ್ಬೀ ಸಮುದ್ರದೊಳಗೆ 64 ಕಿ.ಮೀ. ದೂರದಲ್ಲಿತ್ತು. ನಮ್ಮ ಬಂಗುಡೆ, ಬೂತಾಯಿ ಹಿಡಿಯುವ ದೋಣಿಗಳಿಗೂ ಆಚೆ!

ಇಷ್ಟು ದೊಡ್ಡ ತಪ್ಪು ಹೇಗಾಯಿತು? ಆಗಿನ ದೂರಗಳು ಬಹಳಷ್ಟು ಬರುತ್ತಿದ್ದದ್ದು ಸೈನ್ಯ ನಡೆದ ದಾರಿಗಳಿಂದ, ಚಕ್ರ ಉರುಳಿಸಿ ಸುತ್ತು ಎಣಿಸುವ ಅಳತೆಯಿಂದ, ಹಡಗಿನವರ ಅಂದಾಜಿನಿಂದ. ಚಾರ್ಮಾಡಿಯಲ್ಲಿ ಬಸ್ಸಿನ ಹಿಂದಿನ ಸೀಟಿನಲ್ಲಿ ಕೂತು ಬಂದವರಿಗೆ ಇದನ್ನು ವಿವರಿಸಬೇಕಾಗಿಲ್ಲ. ಚಕ್ರ ಉರುಳಿದ್ದೆಷ್ಟು, ಮುಂದೆ ಬಂದದ್ದೆಷ್ಟು! ಘಟ್ಟದ ಪ್ರತಿ ತಿರುವೂ ನಕ್ಷೆಯನ್ನು ಒಂದಿಷ್ಟು ಅಗಲ ಮಾಡುತ್ತದೆ. ಬೆಳಕಿನ ಗೆರೆಗೆ ತಿರುವಿಲ್ಲ. ಫ್ರಾನ್ಸಿನಲ್ಲೂ 1680ರ ದಶಕದಲ್ಲಿ ಹೀಗೇ ದೇಶ ಕಿರಿದಾಗಿತ್ತು, ಶತ್ರುಗಳು ಕಸಿದದ್ದಕ್ಕಿಂತ ಹೆಚ್ಚು ನೆಲವನ್ನು ನನ್ನ ಖಗೋಳಜ್ಞರೇ ಕಳೆದರು ಎಂದು ಹದಿನಾಲ್ಕನೇ ಲೂಯಿ ಗೊಣಗಿದನೆಂದು ಕಥೆಯಿದೆ.

ಊರವರು ಇದನ್ನೆಲ್ಲ ನೋಡಿ ಏನೆಂದುಕೊಂಡಿರಬಹುದು? ಬೆಟ್ಟದ ತುದಿಯಲ್ಲಿ ಬಾವುಟ, ಹಿತ್ತಾಳೆಯ ದೊಡ್ಡ ಯಂತ್ರ, ರಾತ್ರಿಯಿಡೀ ನಕ್ಷತ್ರ ನೋಡುವ ದೊರೆ. ಸರ್ವೆಯವರ ದುರ್ಬೀನಿಗೆ ಗೋಡೆಯ ಆಚೆಯ ಹೆಂಗಸರೂ ಕಾಣುತ್ತಾರೆ, ಅದೂ ತಲೆಕೆಳಗಾಗಿ ಎಂಬ ಭಯ ಆ ದಿನಗಳಲ್ಲಿ ಹಲವೆಡೆ ಇತ್ತು. ನಗಬೇಡಿ, ಅರ್ಧ ನಿಜ. ಆ ದುರ್ಬೀನುಗಳಲ್ಲಿ ಚಿತ್ರ ತಲೆಕೆಳಗಾಗಿಯೇ ಕಾಣುತ್ತಿತ್ತು, ಸರಿಮಾಡಲು ಇನ್ನೊಂದು ಮಸೂರ ಹಾಕಿದರೆ ಬೆಳಕು ಕಡಿಮೆಯಾಗುತ್ತದೆಂದು ಹಾಗೇ ಬಿಡುತ್ತಿದ್ದರು. ಮತ್ತು ಭಯವೂ ಪೂರ್ತಿ ಸುಳ್ಳಲ್ಲ. 1799ರಲ್ಲಿ ಕಂಪನಿ ಕೆನರಾವನ್ನು ವಶಪಡಿಸಿಕೊಂಡಿತು, ಥಾಮಸ್ ಮನ್ರೋ ಕಲೆಕ್ಟರಾಗಿ ಬಂದು ಕಂದಾಯ ನಿಗದಿ ಮಾಡಿದ, 1801ರಲ್ಲಿ ಬುಕಾನನ್ ಬಂದು ಯಾವ ಬೆಳೆ ಎಷ್ಟು ಎಂದು ಬರೆದುಕೊಂಡು ಹೋದ. ಹಿಂದೆಯೇ ಬೆಟ್ಟದ ಮೇಲೆ ಯಂತ್ರ. ಯಾರೋ ನಮ್ಮನ್ನು ಮೇಲಿನಿಂದ ನೋಡುತ್ತಿದ್ದಾರೆ ಅನಿಸಿದರೆ ಅದು ಮೂಢನಂಬಿಕೆ ಹೇಗಾಗುತ್ತದೆ? ನಮ್ಮಜ್ಜನ ಕಾಲದಲ್ಲೂ ಸರ್ವೆ ಕಲ್ಲು ಎಂದರೆ ಜಗಳ, ಕೋರ್ಟು. ಅದೇ ತೋಟದ ಬದಿಯಲ್ಲಿದ್ದ ಗುಳಿಗನ ಕಲ್ಲಿನ ಬಗ್ಗೆ ಯಾರೂ ತಕರಾರು ಎತ್ತುತ್ತಿರಲಿಲ್ಲ.

1837ರಲ್ಲಿ ಸುಳ್ಯದ ಕಡೆಯಿಂದ ಹೊರಟ ರೈತ ದಂಗೆಯವರು ಮಂಗಳೂರಿಗೆ ಬಂದು ಬಾವುಟಗುಡ್ಡೆಯ ಮೇಲೆ ತಮ್ಮ ಬಾವುಟ ಹಾರಿಸಿದರು, 13 ದಿನ. ಕಂದಾಯದ ಸಿಟ್ಟು ಅದರ ದೊಡ್ಡ ಕಾರಣಗಳಲ್ಲಿ ಒಂದು. ಅಲ್ಲಿ ಈಗ ಕೆದಂಬಾಡಿ ರಾಮಯ್ಯ ಗೌಡರ ಪ್ರತಿಮೆ ಇದೆ. ಲ್ಯಾಂಬ್ಟನ್ನನ ಜನ ನೆಟ್ಟ ಬಾವುಟ, ಇವರು ನೆಟ್ಟ ಬಾವುಟ, ಎರಡನ್ನೂ ಒಟ್ಟಿಗೆ ನೆನೆದಾಗ ನಾನು ಯಾರ ಕಡೆ ಎಂದು ಕೇಳಿದರೆ ಉತ್ತರ ಸುಲಭ. ಆದರೆ 3.7 ಇಂಚಿನ ಆ ಲೆಕ್ಕ ಓದಿದಾಗ ಮೈ ಜುಂ ಅಂದದ್ದನ್ನು ಸುಳ್ಳು ಹೇಳಲಾರೆ.

ಘಟ್ಟದ ಕಾಡು ಕೆಲವರನ್ನು ತಿಂದಿತು. ನಿಲ್ದಾಣ ಹುಡುಕಲು ಕಾಡಿಗೆ ಹೋದ ಸಹಾಯಕ ಹೆನ್ರಿ ಕೇಟರ್ ಆರೋಗ್ಯ ಕಳೆದುಕೊಂಡು ಊರಿಗೆ ಮರಳಬೇಕಾಯಿತು. ಅವನು ಬದುಕಿದ, 1817ರಲ್ಲಿ ಗುರುತ್ವ ಅಳೆಯುವ ಲೋಲಕ ಕಂಡುಹಿಡಿದ, ನಮ್ಮ ಬಿಎಸ್‌ಸಿ ಗೆಳೆಯರು ಫಿಸಿಕ್ಸ್ ಲ್ಯಾಬಿನಲ್ಲಿ ಅಲ್ಲಾಡಿಸುವ ಕೇಟರ್ಸ್ ಪೆಂಡುಲಮ್ ಅದೇ. ಹೊರೆ ಹೊತ್ತ, ಮರ ಕಡಿದ, ಬಾವುಟ ಹಿಡಿದು ಬೆಟ್ಟದ ಮೇಲೆ ದಿನಗಟ್ಟಲೆ ಕಾದ ಕಲಾಸಿಗಳಿಗೆ ಜ್ವರ ಬಂದರೆ ಯಾವ ಊರಿಗೆ ಕಳಿಸಿದರೋ. ಉಕ್ಕು ಎಷ್ಟು ಹಿಗ್ಗಿತು ಎಂದು ದಶಮಾಂಶದ ಐದನೇ ಸ್ಥಾನದವರೆಗೆ ಬರೆದಿಟ್ಟವರು ಇವರನ್ನು ಒಬ್ಬೊಬ್ಬರಾಗಿ ಹೆಸರಿಸುವ ಗೋಜಿಗೆ ಹೋಗಲಿಲ್ಲ.

ಲ್ಯಾಂಬ್ಟನ್ ಮಾತ್ರ ನಿಲ್ಲಲಿಲ್ಲ. ಮಂಗಳೂರಿನಿಂದ ದಕ್ಷಿಣಕ್ಕೆ, ಅಲ್ಲಿಂದ ಕನ್ಯಾಕುಮಾರಿಯವರೆಗೆ. 1808ರಲ್ಲಿ ತಂಜಾವೂರಿನಲ್ಲಿ ಬೆಟ್ಟವೇ ಇಲ್ಲ ಎಂದು ದೊಡ್ಡ ದೇವಸ್ಥಾನದ ಗೋಪುರಕ್ಕೆ ಯಂತ್ರವನ್ನು ಹಗ್ಗ ಕಟ್ಟಿ ಎಳೆಸಿದ. ಹಗ್ಗ ತುಂಡಾಗಿ ಯಂತ್ರ ಗೋಡೆಗೆ ಅಪ್ಪಳಿಸಿ ಚಕ್ರ ಸೊಟ್ಟಗಾಯಿತು. ಬೇರೆ ಯಾರಾದರೂ ಆಗಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಈ ಪುಣ್ಯಾತ್ಮ ಆರು ವಾರ ಕೂತು, ಬೆಣೆ, ಸ್ಕ್ರೂ, ರಾಟೆಗಳಿಂದ ಕೂದಲೆಳೆಯಷ್ಟು ಕೂದಲೆಳೆಯಷ್ಟೇ ಎಳೆದು ಅದನ್ನು ಮತ್ತೆ ಗುಂಡಗೆ ಮಾಡಿದ! ಮೂರು ಅಡಿಯ ಚಕ್ರ, ಡಿಗ್ರಿಯ ಸಾವಿರದೊಂದು ಪಾಲು ತಪ್ಪಿದರೂ ನಿಷ್ಪ್ರಯೋಜಕ.

ಒಟ್ಟು 1,65,342 ಚದರ ಮೈಲಿ ಅವನ ತ್ರಿಕೋನಗಳ ಕೆಳಗೆ ಬಂತು. 1818ರಲ್ಲಿ ಕೆಲಸಕ್ಕೆ ಗ್ರೇಟ್ ಟ್ರಿಗೊನೊಮೆಟ್ರಿಕಲ್ ಸರ್ವೆ ಎಂಬ ದೊಡ್ಡ ಹೆಸರು ಸಿಕ್ಕಿತು, ಎವರೆಸ್ಟ್ ಬಂದು ಸೇರಿದ. ಸಾಮಾನ್ಯವಾಗಿ ಮಂಕಾಗಿ ಕಾಣುತ್ತಿದ್ದ ಮುದುಕ ಯಂತ್ರದ ಮುಂದೆ ನಿಂತಾಗ ಬೇರೆಯೇ ಮನುಷ್ಯನಾಗುತ್ತಿದ್ದ ಎಂದು ಎವರೆಸ್ಟ್ ಬರೆದಿದ್ದಾನೆ.

1823ರ ಜನವರಿ 20ರಂದು, ಹೈದರಾಬಾದಿನಿಂದ ನಾಗಪುರದ ಕಡೆಗೆ ಹೋಗುವ ದಾರಿಯಲ್ಲಿ, ಹಿಂಗಣಘಾಟ್ ಎಂಬಲ್ಲಿ ಲ್ಯಾಂಬ್ಟನ್ ತೀರಿಕೊಂಡ. ವಯಸ್ಸು ಎಪ್ಪತ್ತರ ಹತ್ತಿರ, ಕ್ಷಯ. ಗೋರಿಯೂ ಅಲ್ಲೇ. ಜಾನ್ ಕೀ ಎಂಬ ಲೇಖಕರು 2000ದಲ್ಲಿ ಬಂದ ತಮ್ಮ ಪುಸ್ತಕಕ್ಕಾಗಿ ಹುಡುಕಿಕೊಂಡು ಹೋದಾಗ ಅದು ಯಾರೂ ಕೇಳದ ಸ್ಥಿತಿಯಲ್ಲಿತ್ತು.

ಮೊನ್ನೆ ಮ್ಯಾಪಿನಲ್ಲಿ ಹಿಂಗಣಘಾಟ್ ಹುಡುಕಿದೆ. ಬಲ್ಲಾರ್ಷಾದಿಂದ ನಾಗಪುರಕ್ಕೆ ಹೋಗುವ ರೈಲು ಮಾರ್ಗದಲ್ಲೇ ಇದೆ. ಕಾಲೇಜಿನಿಂದ ದೆಹಲಿಗೆ ಹೋಗುವಾಗ ನಮ್ಮ ರೈಲು ಅದೇ ದಾರಿಯಲ್ಲಿ ಹೋಗಿತ್ತು. ನಾವೆಲ್ಲ ಮೇಲಿನ ಬರ್ತಿನಲ್ಲಿ ಇಸ್ಪೀಟು ಆಡುತ್ತಿದ್ದೆವು, ಅಥವಾ ನಿದ್ದೆ ಹೋಗಿದ್ದೆವು, ಸರಿಯಾಗಿ ನೆನಪಿಲ್ಲ.